ಬಾಗಿಲು ಹಾಕುವುದನ್ನು ಕಲಿಸಿದ ಚಿತ್ರ

ಚಲನಚಿತ್ರ ಪರಿಶೀಲನಾ ಸಮಿತಿಯ ಅಧ್ಯಕ್ಷರಾದ ಮಾನ್ಯರೇ,

ಇಂದು ಬೆಳಿಗ್ಗೆ ಚಿತ್ರಮಂದಿರದ ಗೋಡೆಯ ಮೇಲೆ ಹೊಸ ಪೋಸ್ಟರ್ ಕಂಡೆ. ಅಂಟು ಇನ್ನೂ ಹಸಿಯಾಗಿತ್ತು. ಹುಲ್ಲಿನ ಹೊರೆ ಹೊತ್ತು ನಗುವ ಹುಡುಗಿ, ಅವಳ ಕಾಲ ಬಳಿ ನಿಮ್ಮ ಸಮಿತಿಯ ಮಾತು: 'ಕುಟುಂಬ ಸಮೇತ ನೋಡಬಹುದಾದ ಗ್ರಾಮೀಣ ಚಿತ್ರ'. ನಾಜಿಗಳ ಕಾಲದಲ್ಲಿ ಸರ್ಕಾರವೇ ಹೇಳಿ ಬರೆಸಿದ ಚಿತ್ರವನ್ನು, ಯುದ್ಧ ಮುಗಿದು ಎಂಟೇ ವರ್ಷಕ್ಕೆ, ಯಾವ ಧೈರ್ಯದಿಂದ ಮಕ್ಕಳ ಮುಂದೆ ಇಡುತ್ತಿದ್ದೀರಿ?

ನೀವು ಕತ್ತರಿ ಹಾಕಲಿಲ್ಲವೆಂದು ಹೇಳಲಾರೆ. ಧ್ವಜ ಹಾರುವ ದೃಶ್ಯ ಹೋಯಿತು, ಮದುವೆಯ ಮೆರವಣಿಗೆಯಲ್ಲಿದ್ದ ಸಮವಸ್ತ್ರಗಳು ಹೋದವು. ಹಳ್ಳಿಯ ಹೆಂಗಸರು ದನದ ವ್ಯಾಪಾರಿಯ ಮುಖಕ್ಕೆ ಒಬ್ಬೊಬ್ಬರಾಗಿ ಬಾಗಿಲು ಹಾಕುವ ದೃಶ್ಯ ಮಾತ್ರ ಉಳಿಯಿತು. ಅಲ್ಲಿ ನಾಯಕ ಅವನನ್ನು ಕುರಿತು ಆಡುವ 'ಯೆಹೂದಿ' ಎಂಬ ಮಾತು ಬದಲಾದರೆ ಸಾಕೆಂದಿರಿ. ನಟನ ತುಟಿಯ ಚಲನೆಗೆ ಹೊಂದುವ ಬೇರೆ ಮಾತು ಹುಡುಕುವ ಕೆಲಸ ನಾನು ದುಡಿಯುವ ಸ್ಟುಡಿಯೋದಲ್ಲಿ ನನ್ನ ಪಾಲಿಗೆ ಬಂತು. ಸಾಹಿತ್ಯ ಓದಿದವಳಲ್ಲವೇ? ಊಟದ ಹೊತ್ತಿಗೆ 'ಹೊರಗಿನವನು' ಎಂದು ಬರೆದುಕೊಟ್ಟೆ. ತುಟಿಗೆ ಚೆನ್ನಾಗಿ ಹೊಂದಿತು. ನನಗೆ ಸಂತೋಷವೂ ಆಯಿತು. ಅದನ್ನು ನೆನೆದರೆ ಈಗ ತಲೆ ಎತ್ತಲಾಗುವುದಿಲ್ಲ.

ಮೂಲ ಚಿತ್ರಕಥೆ ಬರೆದ ಎಗೋನ್ ಟ್ರಾಟ್ಸ್ ಅವರು ಇಂದಿಗೂ ನನ್ನ ಎದುರಿನ ಮೇಜಿನಲ್ಲೇ ಕೂತು ಬರೆಯುತ್ತಾರೆ. ನಾನು ಈ ಮಾತೆತ್ತಿದಾಗ, “ಇಷ್ಟಕ್ಕೆಲ್ಲ ಮುಖ ಸಣ್ಣ ಮಾಡ್ಕೊಂಡ್ರೆ ಹೇಗಮ್ಮಾ? ಹಸು, ಹುಲ್ಲು, ಹುಡುಗಿ, ನಾನು ಬರೆದಿದ್ದು ಇಷ್ಟೇ. ಕೆಟ್ಟವನು ಯಾರಾಗಬೇಕು ಅಂತ ಅವರು ಹೇಳಿದ್ರು. ಕಥೆ ಅಂದ್ಮೇಲೆ ಒಬ್ಬ ಕೆಟ್ಟವನು ಬೇಡ್ವಾ?” ಎಂದರು.

ಚಿತ್ರ ತೆಗೆದದ್ದು ನನ್ನ ತಾಯಿಯ ಊರಿನಲ್ಲಿ. ಹೋದ ಭಾನುವಾರ ಅಲ್ಲಿನ ಹೋಟೆಲಿನ ಹಜಾರದಲ್ಲಿ ಪರೀಕ್ಷೆಗೆಂದು ಒಮ್ಮೆ ತೋರಿಸಿದರು. ಅಂದು ಚಿತ್ರದಲ್ಲಿ ಬಾಗಿಲು ಹಾಕಿದ ಊರ ಹೆಂಗಸರಲ್ಲಿ ಒಬ್ಬಳಾದ ವಾಲ್ಬುರ್ಗಾ ಅಜ್ಜಿ ನನ್ನ ಪಕ್ಕದಲ್ಲೇ ಇದ್ದಳು. ನನ್ನ ಪದ ಕೇಳಿಸಿದ್ದೇ ತಡ, ಹಜಾರವೆಲ್ಲ ಕಿಸಕ್ಕನೆ ನಕ್ಕಿತು.

“ಹೆಸರು ಬದಲಾಯಿಸಿದ್ದಾರೆ ನೋಡು,” ಎಂದಳು ಅಜ್ಜಿ. “ಯಾರು ಅಂತ ನಮಗೆ ಗೊತ್ತಾಗಲ್ಲ ಅಂದ್ಕೊಂಡ್ರಾ?”

“ಆ ಬಾಗಿಲು ನಿಮ್ಮ ಮನೇದೇನಾ ಅಜ್ಜಿ?”

“ನಮ್ಮದೇ ಕಣೇ. ಜೋರಾಗಿ ಹಾಕಿ, ಇನ್ನೂ ಜೋರಾಗಿ ಅಂತ ಚಿತ್ರದವರು ಮತ್ತೆ ಮತ್ತೆ ಮಾಡಿಸಿದ್ರು. ಮುಂದೆ ಒಂದಿನ ನಮ್ಮ ಲೆಮ್ಲೆ ಬಂದ. ನಮ್ಮಪ್ಪನ ಕಾಲದಿಂದ ನಮಗೆ ಹಸು ಆರಿಸಿ ಕೊಡ್ತಿದ್ದವನು. ಹೆಂಡತೀನ ನಾಲ್ಕು ದಿನ ಒಳಗಿಟ್ಕೊಳ್ಳಿ ಅಂದ. ಆವತ್ತು ನಮಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ.” ನನ್ನ ತೋಳು ತಿವಿದಳು. “ಸುಮ್ನಿರು, ಈಗ ಹಾಡು ಬರುತ್ತೆ.”

ಮಾನ್ಯರೇ, ಯೆಹೂದಿಗಳಾದ ಲೆಮ್ಲೆ ದಂಪತಿಯನ್ನು ಹಿಡಿದೊಯ್ದರು, ಅವರು ಮರಳಿ ಬರಲಿಲ್ಲ. ಬಾಗಿಲು ಹಾಕುವ ಅಭ್ಯಾಸವನ್ನು ಆ ಊರಿಗೆ ಮಾಡಿಸಿದ್ದು ಒಂದು ಚಿತ್ರಕಥೆ. ನಿಮ್ಮ ಅನುಮತಿಯಿಂದ, ನನ್ನ ಪದದ ನೆರವಿನಿಂದ ಅದೀಗ ಮತ್ತೆ ಊರೂರು ಸುತ್ತಲಿದೆ. ಬರೀ 'ಹೊರಗಿನವನು' ಎಂದರಾಯಿತು, ಇನ್ನು ಯಾರನ್ನು ಬೇಕಾದರೂ ಆ ಬಾಗಿಲ ಮುಂದೆ ನಿಲ್ಲಿಸಬಹುದು. ಪೂರ್ವದಿಂದ ಗಂಟುಮೂಟೆ ಹೊತ್ತು ಬಂದು ನಮ್ಮ ಕೊಟ್ಟಿಗೆಗಳಲ್ಲಿ ಬಿಡಾರ ಹೂಡಿರುವ ನಿರಾಶ್ರಿತರನ್ನೂ. ಇದನ್ನೇ ಸುಧಾರಣೆ ಎನ್ನೋಣವೇ?

ಶನಿವಾರ ಅದೇ ಊರಿನಲ್ಲಿ ಮೊದಲ ಪ್ರದರ್ಶನ. ಅದಕ್ಕೆ ಮೊದಲು ಅನುಮತಿಯನ್ನು ಹಿಂತೆಗೆದುಕೊಳ್ಳಿ. ಇಂಥದೇ ಒಂದು ಹಳ್ಳಿಯ ಕಥೆಯನ್ನು ನನ್ನಿಂದ ಬರೆಸುವುದಾಗಿ ಸ್ಟುಡಿಯೋ ಹೇಳಿತ್ತು. ಈ ಬಹಿರಂಗ ಪತ್ರ ಪತ್ರಿಕೆಯಲ್ಲಿ ಅಚ್ಚಾದ ಮೇಲೆ ಬರೆಸಲಾರದು. ತರಗತಿಯಲ್ಲಿ ಗುರುಗಳು ಹೆಸರು ಹಿಡಿದು ಕೇಳಿದರೂ ಎದ್ದು ಉತ್ತರಿಸಿದವಳಲ್ಲ ನಾನು. ಶನಿವಾರ ಆ ದೃಶ್ಯ ಬಂದರೆ ಹಜಾರದ ನಡುವೆ ಎದ್ದು ನಿಲ್ಲುತ್ತೇನೆ. ಅಲ್ಲಿ ಮೊದಲಿದ್ದ ಮಾತನ್ನು ಹೇಳುತ್ತೇನೆ, ಆಮೇಲೆ ಲೆಮ್ಲೆಯವರ ಹೆಸರನ್ನು.

ಇಂತಿ,
ನಿಮ್ಮ ಕತ್ತರಿಗೆ ಪದ ಹೊಂದಿಸಿಕೊಟ್ಟ
ರೋಸ್ವಿಥಾ ಕ್ನೌಪ್