ಮೂರು ಮಾರಿನ ಪೇರಳೆ ತೋಟ

ಕಾರ್ಕಳ
14 ಮೇ 2025, ಬುಧವಾರ

ಅಣ್ಣನ ಮಗಳೇ, ನನ್ನ ಮುದ್ದು ಶ್ರೇಯಾ,

ಫೋನು ಇರುವಾಗ ಅತ್ತೆ ಕಾಗದ ಯಾಕೆ ಬರೆದರು ಎಂದು ಹೆದರಬೇಡ. ಇಲ್ಲಿ ಎಲ್ಲರೂ ಸೌಖ್ಯ. ಫೋನಿನಲ್ಲಿ ಮಾತಾಡಿದರೆ ನಿನ್ನ ಕಿಟ್ಟ ಮಾವ ಅದನ್ನು ಸ್ಪೀಕರಿಗೆ ಹಾಕಿ ಪಕ್ಕದಲ್ಲಿ ಕೂತುಬಿಡುತ್ತಾರೆ. ದೋಣಿಯಿಂದ ದೋಣಿಗೆ ಕೂಗಿ ಮಾತಾಡಿದ ಮನುಷ್ಯರಿಗೆ ಕಿವಿಗೆ ಹಚ್ಚಿಕೊಂಡು ಕೇಳುವುದೆಂದರೆ ಕಳ್ಳತನ ಮಾಡಿದ ಹಾಗೆ ಆಗುತ್ತದಂತೆ. ಈ ವಿಷಯ ಅವರ ಕಿವಿಗೆ ಬೀಳಬಾರದು. ನಾಳೆ ಹಣ್ಣಿನ ವ್ಯಾಪಾರದ ಸಿರಾಜ್ ಮಾವು ಹೇರಿಕೊಂಡು ಆದಿ ಉಡುಪಿ ಮಾರ್ಕೆಟಿಗೆ ಹೋಗುವಾಗ ಮಣಿಪಾಲದಲ್ಲಿ ಇಳಿದು ಇದನ್ನು ನಿನ್ನ ಕೈಗೇ ಕೊಡುತ್ತೇನೆಂದಿದ್ದಾನೆ. ನನ್ನದು ಬಸ್ಸಿನ ಬೋರ್ಡು ಮತ್ತು ಮೀನು ಕಟ್ಟುವ ಪೇಪರು ಓದಿ ಕಲಿತ ಅಕ್ಷರ. ತಪ್ಪಿದ್ದರೆ ಕೆಂಪು ಗೆರೆ ಎಳೆಯಬೇಡ, ನೀನು ಲೆಕ್ಕದ ಟೀಚರು, ಕನ್ನಡದ್ದಲ್ಲ.

ನೀನು ಹಾಕಿದ ಮೆಸೇಜು ಓದಿದೆ. ಭಾನುವಾರ ಕಾಲೇಜಿನ ಮಕ್ಕಳನ್ನು ನಮ್ಮ ಪೇರಳೆ ತೋಟಕ್ಕೆ ಕರೆತರುವುದು ಬಹಳ ಸಂತೋಷ. ನೀನು ಕಳಿಸಿದ ಗುಡ್ಡದ ಚಿತ್ರವೂ ಅರ್ಥವಾಯಿತು. ಮರ ಹೆಚ್ಚು ನೆಟ್ಟಷ್ಟೂ ಒಂದೊಂದು ಮರ ಕೊಡುವ ಹಣ್ಣು ಕಡಿಮೆಯಾಗುತ್ತದೆ, ಆದರೂ ತೋಟದ ಒಟ್ಟು ಹಣ್ಣು ಏರುತ್ತಲೇ ಹೋಗುತ್ತದೆ, ಆಮೇಲೆ ಗುಡ್ಡದ ತುದಿ ಮುಟ್ಟಿ ಆಚೆ ಇಳಿದುಬಿಡುತ್ತದೆ. ಆ ತುದಿ ಎಲ್ಲಿ ಎಂದು ಹುಡುಕುವುದೇ ನಿನ್ನ ಲೆಕ್ಕ, ಅಲ್ವಾ? ನಾನು ಇದನ್ನು ಹೇಳಿದಾಗ ಸಿರಾಜ್ ನಕ್ಕುಬಿಟ್ಟ. "ಇದಕ್ಕೆ ಕಾಲೇಜು ಬೇಕಾ ವಾರಿಜಕ್ಕ? ನಮ್ಮವರ ಮದುವೆಗೆ ಬನ್ನಿ. ಒಂದು ದೊಡ್ಡ ಹರಿವಾಣದ ಸುತ್ತ ಇಬ್ಬರೇ ಕೂತರೆ ಬಿರಿಯಾನಿ ಅರ್ಧ ಉಳೀತದೆ. ನಾಲ್ಕೈದು ಜನ ಕೂತರೆ ಹರಿವಾಣ ತೊಳೆದ ಹಾಗೆ ಖಾಲಿ. ಹತ್ತು ಜನ ಕೂತರೆ ಮೊಣಕೈಗೆ ಮೊಣಕೈ ತಾಗಿ ಅನ್ನ ಎಲ್ಲ ಚಾಪೆಗೆ!" ಇದನ್ನು ಮಕ್ಕಳಿಗೆ ಹೇಳು. ಹಸಿದ ಹೊತ್ತಿಗೆ ಬೇಗ ತಲೆಗೆ ಹೋಗುತ್ತದೆ.

ನಮ್ಮ ತೋಟದಲ್ಲಿ ಮೂರು ಹರಿವಾಣವೂ ಉಂಟು. ಮೆಟ್ಟಿಲಿನ ಹಾಗೆ ಕಡಿದ ನೆಲದ ಕೆಳಗಿನ ತಟ್ಟಿನಲ್ಲಿ ಗಿಡಗಳು ದೂರ ದೂರ. ಹಣ್ಣು ದೊಡ್ಡದು, ಆದರೆ ನೆಲ ಅರ್ಧ ಖಾಲಿ. ಮೇಲಿನ ತಟ್ಟಿನಲ್ಲಿ ಹತ್ತಿರ ಹತ್ತಿರ. ಹಣ್ಣು ಸ್ವಲ್ಪ ಚಿಕ್ಕದು, ಬುಟ್ಟಿ ಮಾತ್ರ ಕೆಳಗಿನದಕ್ಕಿಂತ ಬಹಳ ಹೆಚ್ಚು. ಇನ್ನು ಉಳಿದ ಗಿಡಗಳನ್ನು ಬಿಸಾಡಲು ಮನಸ್ಸಾಗದೆ ಬಾವಿಯ ಹತ್ತಿರ ಒತ್ತೊತ್ತಾಗಿ ನೆಟ್ಟೆವಲ್ಲ, ಅಲ್ಲಿ ಎಲೆ ಮತ್ತು ಸೊಳ್ಳೆ ಬಿಟ್ಟರೆ ಬೇರೆ ಫಸಲಿಲ್ಲ. ನಿನ್ನ ಗುಡ್ಡದ ತುದಿ ಮೇಲಿನ ತಟ್ಟಿನ ಹತ್ತಿರವೇ ಉಂಟು, ಇನ್ನೂ ಖಾಲಿ ಇರುವ ಮೂರನೇ ತಟ್ಟಿನಲ್ಲೂ ಅದೇ ಅಂತರದಲ್ಲಿ ನೆಡಿ ಎಂದು ನೀನು ಬರೆದದ್ದು ಸರಿ. ಹಾಗೇ ಮಾಡುತ್ತೇವೆ.

ತೊಂದರೆ ನಿನ್ನ ಮೆಸೇಜಿನ ಕೊನೆಯ ಸಾಲಿನದ್ದು. ಮೇಲಿನ ತಟ್ಟು ವಾರಿಜತ್ತೆಯ ಮಾರಿನಲ್ಲಿ ಅಳೆದದ್ದು, ಭಾನುವಾರ ಅತ್ತೆ ಮಕ್ಕಳೆದುರು ಎರಡೂ ಕೈ ಚಾಚಿ ಹಗ್ಗ ಅಳೆದು ಗಂಟು ಹಾಕಿ ತೋರಿಸಬೇಕು ಎಂದು ಬರೆದಿದ್ದೀಯ. ಅದು ಬೇಡ ಮಗಾ. ನನಗೆ ನಾಚಿಕೆ. ಅಲ್ಲದೆ ಬಿಸಿಲು. ಆ ದಿನ ಅಡುಗೆಯ ಕೆಲಸವೂ ಉಂಟು.

ನೋಡು, ಮೂರು ನೆವ ಬರೆದೆ, ಮೂರೂ ಸುಳ್ಳು. ಮಲ್ಪೆಯ ಬಂದರಿನಲ್ಲಿ ನೂರು ಜನರ ನಡುವೆ ಕೂಗಿ ಮೀನು ಏಲಂ ಮಾಡಿದವಳಿಗೆ ಎಂತ ನಾಚಿಕೆ? ನಿಜ ಹೇಳುತ್ತೇನೆ.

ಎರ್ಮಾಳಿನಲ್ಲಿ ಮೀನು ಹಿಡಿಯುತ್ತಿದ್ದಾಗ ನಾವು ಹಗ್ಗ, ಬಲೆ ಎಲ್ಲ ಅಳೆದದ್ದು ಮಾರಿನಲ್ಲೇ, ಅಂದರೆ ಎರಡು ಕೈ ಚಾಚಿದಷ್ಟು. ನಿನ್ನ ಮಾವನ ಮಾರು ಇಡೀ ಕರಾವಳಿಗೆ ಪ್ರಸಿದ್ಧ. ಹಗ್ಗ ಕೊಳ್ಳುವವರೆಲ್ಲ ಅವರನ್ನೇ ಜೊತೆಗೆ ಕರೆದುಕೊಂಡು ಹೋಗುತ್ತಿದ್ದರು, ಯಾಕೆಂದರೆ ಅವರ ಒಂದು ಮಾರಿನಲ್ಲಿ ಬೇರೆಯವರ ಒಂದೂಕಾಲು ಮಾರು ಬರುತ್ತಿತ್ತು. ಅಂಗಡಿಯವರು ಅವರ ನೆರಳು ಕಂಡರೆ ಬಾಗಿಲು ಎಳೆಯುತ್ತಿದ್ದರು. ಅಂಥವರು ಕಡಲು ಬಿಟ್ಟದ್ದು ತೋಟದ ಆಸೆಯಿಂದ ಎಂದು ಊರೆಲ್ಲ ತಿಳಿದುಕೊಂಡಿದೆ. ಅಲ್ಲ. ಬಲೆ ಎಳೆಯುವಾಗ ಹಗ್ಗ ಜಗ್ಗಿ ಬಲಭುಜ ಹೋಯಿತು. ಅವತ್ತಿನಿಂದ ಆ ಕೈ ಪೂರ್ತಿ ಚಾಚಲು ಬರುವುದಿಲ್ಲ. ನನ್ನ ಹತ್ತಿರವೂ ಹೇಳಿಲ್ಲ. ಬಲಗೈಯಲ್ಲಿ ಬಾಚಣಿಗೆ ಹಿಡಿದು ಕಿವಿಯ ಹತ್ತಿರ ನಿಲ್ಲಿಸಿ, ತಲೆಯನ್ನೇ ಆಚೆ ಈಚೆ ಆಡಿಸುವವರನ್ನು ನೋಡಿ ಹೆಂಡತಿಗೆ ಗೊತ್ತಾಗುವುದಿಲ್ಲವೇ? ಮಣಿಪಾಲದ ಡಾಕ್ಟರಿಗೆ ತೋರಿಸುವ ಎಂದರೆ, ಯಾಕೆ, ನಿನಗೆ ಜ್ವರವಾ ಎನ್ನುತ್ತಾರೆ.

ಗಿಡ ನೆಡುವ ಹಿಂದಿನ ದಿನ ಸಂಜೆ ಎರಡು ಹಗ್ಗ ತಯಾರು ಮಾಡಿದೆವು, ಗಿಡಕ್ಕೂ ಗಿಡಕ್ಕೂ ಮೂರು ಮಾರಿನ ಲೆಕ್ಕ. ಒಂದು ಟೇಪು ತನ್ನಿ ಎಂದೆ. "ಟೇಪು ಟೈಲರಿಗೆ" ಎಂದರು. ಕೆಳಗಿನ ತಟ್ಟಿನ ಹಗ್ಗ ನಾನು ಅಳೆದೆ. ಮೇಲಿನದ್ದನ್ನು ಅವರು ಅಂಗಳದಲ್ಲಿ ನಿಂತು ಅಳೆದರು. ನಾನು ಅಡುಗೆಮನೆಯ ಕಿಟಕಿಯಿಂದ ಕಂಡೆ: ಎಡಗೈ ತೆಂಗಿನ ಗರಿಯ ಹಾಗೆ ಚಾಚಿದೆ, ಬಲಗೈ ಮಾತ್ರ ಎದೆಯ ಹತ್ತಿರವೇ ಮಡಚಿ ನಿಂತಿದೆ. ಬಾಯಲ್ಲಿ ಮಾತ್ರ "ಒಂದೂ, ಎರಡೂ" ಎಂದು ಹಳೆಯ ಗಟ್ಟಿ ಸ್ವರ. ಏನೂ ಕಾಣದವಳ ಹಾಗೆ ಸಾರಿಗೆ ಒಗ್ಗರಣೆ ಹಾಕಿದೆ.

ಮರುವರ್ಷ ಮಲ್ಪೆಯ ಅವರ ಹಳೆಯ ದೋಸ್ತಿಗಳು ತೋಟ ನೋಡಲು ಬಂದರು. ಮೇಲಿನ ತಟ್ಟು ನೋಡಿ ಒಬ್ಬ, "ಎಂತ ಕಿಟ್ಟಣ್ಣ, ಬೂತಾಯಿ ಮೀನು ಜೋಡಿಸಿದ ಹಾಗೆ ಗಿಡ ಜೋಡಿಸಿದ್ದೀರಲ್ಲ ಮಾರಾಯ್ರೆ! ಮೇಲಿಂದ ಐಸ್ ಹಾಕುವುದೊಂದು ಬಾಕಿ" ಎಂದ. ಎಲ್ಲರೂ ನಕ್ಕರು. ಇನ್ನೊಬ್ಬ, ಇದು ನಿಮ್ಮ ಮಾರಾ ಎಂದು ಕೇಳಿಯೇ ಬಿಟ್ಟ. ಇವರ ಮುಖ ನೋಡಲು ಆಗಲಿಲ್ಲ. ನಾನು ಚಾ ಹಿಡಿದುಕೊಂಡು ನಡುವೆ ನುಗ್ಗಿ, "ಅದು ನಾನು ಅಳೆದ ಹಗ್ಗ. ನನ್ನ ಕೈ ಮೀನಿನ ಬುಟ್ಟಿಗೆ ಎಟುಕುವಷ್ಟೇ ಉದ್ದ, ಎಂತ ಮಾಡುವುದು?" ಎಂದೆ. ಮತ್ತೆ ನಗು. ಅವತ್ತಿನಿಂದ ಅದು ವಾರಿಜಕ್ಕನ ಗಿಡ್ಡ ಮಾರು ಎಂದೇ ಹೆಸರಾಯಿತು. ನನಗೇನು ನಷ್ಟ? ಗಿಡ್ಡ ಕೈಗೆ ಬಳೆ ಚೆನ್ನಾಗಿ ಕಾಣುತ್ತದೆ.

ಆದರೆ ಆ ಮರಗಳು ನನ್ನ ಮಾತು ಕೇಳಿದವೇ? ಬೂತಾಯಿ ಎಂದು ನಗೆಗೀಡಾದ ತಟ್ಟೇ ಬುಟ್ಟಿ ಬುಟ್ಟಿ ಹಣ್ಣು ಕೊಟ್ಟಿತು! ಸಿರಾಜ್ ಮಾರ್ಕೆಟಿನಲ್ಲಿ ನನ್ನನ್ನು ಹೊಗಳಿದ. ಪಕ್ಕದ ತೋಟದ ಇಮೆಲ್ಡಾಬಾಯಿ ಹಗ್ಗ ಹಿಡಿದುಕೊಂಡೇ ಬಂದರು, ಅವರ ಚಿಕ್ಕು ತೋಟಕ್ಕೂ ನನ್ನ ಮಾರೇ ಬೇಕಂತೆ. ಪೇರಳೆಯ ಅಂತರ ಚಿಕ್ಕುವಿಗೆ ಆಗುವುದಿಲ್ಲ, ಅದು ದೊಡ್ಡ ಮರ ಎಂದೆ. ಹಾಗಾದರೆ ಪೇರಳೆಯನ್ನೇ ನೆಡುತ್ತೇನೆ ಎಂದರು! ಕೊನೆಗೆ ನಾನು ನನ್ನ ಬಲಗೈಯನ್ನು ಎದೆಯ ಹತ್ತಿರ ಮಡಚಿ ಇಟ್ಟುಕೊಂಡು, ನಿನ್ನ ಮಾವನ ಹಾಗೆಯೇ ಅಳೆದುಕೊಟ್ಟೆ. ಆಮೇಲೆ ತಿರುಗಿ ನೋಡುತ್ತೇನೆ, ಇವರು ಜಗಲಿಯ ಕಂಬಕ್ಕೆ ಒರಗಿ ನನ್ನ ಕೈಯನ್ನೇ ನೋಡುತ್ತಾ ನಿಂತಿದ್ದಾರೆ. ರಾತ್ರಿ ಊಟಕ್ಕೆ ಕೂತಾಗ ಗೋಡೆಗೆ ಹೇಳಿದ ಹಾಗೆ, "ಕೆಲವರದ್ದು ಕೆಲಸ, ಕೆಲವರದ್ದು ಹೆಸರು" ಎಂದರು.

ಪಾಪ, ಅವರ ಸಂಕಟ ನೋಡು. ಮರ ನನ್ನದು ಎಂದರೆ ಭುಜದ ವಿಷಯ ಹೊರಬೀಳುತ್ತದೆ. ಸುಮ್ಮನಿದ್ದರೆ ಹೊಗಳಿಕೆ ಹೆಂಡತಿಗೆ. ಬೆಳಿಗ್ಗೆ ಯಾರೂ ಇಲ್ಲದಾಗ ಮೇಲಿನ ತಟ್ಟಿಗೆ ಹೋಗಿ ಒಂದೊಂದು ಮರವನ್ನೂ ತಟ್ಟಿ ಬರುತ್ತಾರೆ, ಕದ್ದು ಮೊಮ್ಮಕ್ಕಳನ್ನು ಮುದ್ದಿಸುವ ಹಾಗೆ.

ಈಗ ಭಾನುವಾರ ನಾನು ಕೈ ಚಾಚಿದರೆ ನಿನ್ನ ಮಕ್ಕಳು ಚುರುಕು, ಒಂದೇ ನಿಮಿಷದಲ್ಲಿ ಹಿಡಿಯುತ್ತಾರೆ: ಅತ್ತೆಯ ಮಾರು ಉದ್ದ, ಮರಗಳ ಅಂತರ ಗಿಡ್ಡ. ಹಾಗಾದರೆ ಯಾರ ಮಾರು ಎಂಬ ಪ್ರಶ್ನೆ ಬರುತ್ತದೆ. ಕರಾವಳಿಯಲ್ಲೇ ಅತಿ ಉದ್ದದ ಮಾರು ಕಾಲೇಜಿನ ಮಕ್ಕಳೆದುರು ಗಿಡ್ಡವಾಗುವುದು ನನಗೆ ನೋಡಲು ಆಗದು. ಹಾಗಾಗಿ ನೀನು ಟೇಪು ತಂದು ಮರದಿಂದ ಮರಕ್ಕೆ ಅಳೆಸು, ಮಾರಿನ ಸುದ್ದಿಯೇ ಎತ್ತಬೇಡ. ಹೋಗುವಾಗ ಹೇಗಾದರೂ ಒಂದು ನೆವ ಮಾಡಿ ಮಾವನನ್ನು ಡಾಕ್ಟರ ಹತ್ತಿರ ಕರೆದುಕೊಂಡು ಹೋಗು. ನಿನ್ನ ಮಾತು ಅವರು ತೆಗೆದುಹಾಕುವುದಿಲ್ಲ. ನಾನು ಹೇಳಿದೆ ಎಂದು ಮಾತ್ರ ತಿಳಿಯಬಾರದು.

ಮಕ್ಕಳಿಗೆ ನೀರುದೋಸೆ, ಕೋಳಿ ಸಾರು, ಹುರಿದ ಮೀನು ಮಾಡುತ್ತೇನೆ. ಮೀನು ತಿನ್ನದವರು ಇದ್ದರೆ ಮೊದಲೇ ಹೇಳು, ಬೇಸರ ಮಾಡಿಕೊಳ್ಳಲು ಸಮಯ ಬೇಕು.

ಬೇಲಿಯ ಬದಿಯಲ್ಲಿ ನಿಂತು ನಿನ್ನ ಬಸ್ಸಿನ ದಾರಿ ಕಾಯುವ,
ವಾರಿಜತ್ತೆ

ತಾ.ಕ.: ಕಾಗದ ಮಡಚುವ ಹೊತ್ತಿಗೆ ಇವರು ಬಂದು, ಶ್ರೇಯಾಳಿಗೆ ಎಂತ ಬರೆದದ್ದು, ಓದು ನೋಡುವ ಎಂದರು. ಹರಿವಾಣದ ಕಥೆ, ಇಮೆಲ್ಡಾಬಾಯಿಯ ಕಥೆ, ನೀರುದೋಸೆ ಇಷ್ಟನ್ನು ಓದಿ ಮುಗಿಸಿದೆ. "ಕಾಗದ ಇಷ್ಟು ದಪ್ಪ, ಓದಿದ್ದು ಇಷ್ಟೇ ತೆಳುವಾ?" ಎಂದರು. ನಾನು ಕಾಗದವನ್ನು ಸೆರಗಿನಡಿಗೆ ಸರಿಸಿದೆ. ಅವರೇ ಮತ್ತೆ, "ಮೇಲಿನ ತಟ್ಟು ಯಾರ ಮಾರು?" ಎಂದರು. ನನ್ನದು ಎಂದೆ. "ಅಬ್ಬಾ, ಸುಳ್ಳು ಹೇಳಿದರೂ ಹಣ್ಣು ಬರುವ ಕಡೆಯದ್ದನ್ನೇ ಆರಿಸಿಕೊಂಡಿಯಲ್ಲ ಮಾರಾಯ್ತಿ! ನನ್ನ ಮರಗಳಿಗೆ ನಿನ್ನ ಹೆಸರು ಕೇಳಿ ಕೇಳಿ ಸಾಕಾಯ್ತು" ಎಂದು ನಕ್ಕುಬಿಟ್ಟರು. ಇಬ್ಬರೂ ಕಣ್ಣಲ್ಲಿ ನೀರು ಬರುವಷ್ಟು ನಕ್ಕೆವು.

ಭಾನುವಾರ ಮಕ್ಕಳೆದುರು ಹಗ್ಗ ಅವರೇ ಅಳೆಯುತ್ತಾರಂತೆ, ಕೈ ಹೋದಷ್ಟೇ ದೂರ. ಹೇಳಿದರೆ ನಂಬುತ್ತೀಯಾ, ಡಾಕ್ಟರಿಗೆ ತೋರಿಸಲೂ ಒಪ್ಪಿದ್ದಾರೆ! ನಾಳೆಯೇ ಸಿರಾಜನ ಜೊತೆ ಹೊರಡಿ ಎಂದೆ. ಅದು ಮಾತ್ರ ಆಗದು, ನೀನು ಡಾಕ್ಟರ ಹತ್ತಿರ ಸೋಮವಾರಕ್ಕೆ ಸಮಯ ಕೇಳಬೇಕಂತೆ. ಯಾಕೆಂದರೆ, "ಮೊದಲು ಮೂರನೇ ತಟ್ಟಿನ ಹಗ್ಗಕ್ಕೆ ಗಂಟು ಬೀಳಲಿ. ಅಷ್ಟರೊಳಗೆ ಕೈ ಸರಿಯಾಗಿಬಿಟ್ಟರೆ ಮಾರು ಉದ್ದ ಆಗ್ತದೆ, ಪಾಪ, ಶ್ರೇಯಾಳ ಲೆಕ್ಕ ತಪ್ತದೆ."