ಗೋದಾಮಿನಲ್ಲಿ ಹುಟ್ಟಿದ ಹಾಡು

ಪಾಸಿರ್ ರಿಸ್, ಸಿಂಗಾಪುರ
20 ನವೆಂಬರ್ 2024

ಪ್ರೀತಿಯ ವಿಭವ್,

ಅಮ್ಮನ ಆಶೀರ್ವಾದ. ಮೆಲ್ಬರ್ನ್‌ನಲ್ಲಿ ನೀನೂ ನಿನ್ನ ಆತ್ರೇಯನೂ ಚೆನ್ನಾಗಿದ್ದೀರಿ ತಾನೇ? ಬರೆಯುವುದು ತಡವಾಯಿತು, ಬೈಯಬೇಡ. ವಾಟ್ಸಾಪ್‌ನಲ್ಲಿ ಹಾಕಿದರೆ ನೀನು ಒಂದು ಹೃದಯ ಒತ್ತಿ ಮುಗಿಸುತ್ತೀಯ, ಅದಕ್ಕೇ ಕಾಗದ.

ನಿನ್ನ ತಂಗಿ ಗೆದ್ದುಬಿಟ್ಟಳು ಕಣೋ! ನಮ್ಮ ಕನ್ನಡ ಬಳಗದ ರಾಜ್ಯೋತ್ಸವದಲ್ಲಿ ಶ್ರೀಯಾ ಡಿಜೆ ಆಗಿ ಹೌಸ್ ಮ್ಯೂಸಿಕ್ ನುಡಿಸಿದಳು. ನಿಮ್ಮಪ್ಪನದು ಒಂದೇ ರಾಗ: "ಬರೀ ದಬ್ ದಬ್ ಅನ್ನುತ್ತೆ, ನಾನ್ ಬರಲ್ಲ." ಕೊನೆಗೆ ಸ್ಪೀಕರ್ ಹೊರಲು ಬಂದವರು ಹಿಂದಿನ ಸಾಲಿನಲ್ಲಿ ಕೂತೇಬಿಟ್ಟರು. ಆತ್ರೇಯನ ವಿಷಯ ಹೇಳಿದ್ದಕ್ಕೆ ನಿನ್ನನ್ನು ಮನೆಯಿಂದ ಕಳಿಸಿದ ಮೇಲೆ ಅವರು ಯಾವ ಸಮಾರಂಭಕ್ಕೂ ಕಾಲಿಟ್ಟವರಲ್ಲ. ನಿನ್ನ ಹೆಸರೆತ್ತಿದರೆ ಈಗಲೂ ತಟ್ಟೆ ಬಿಟ್ಟು ಏಳುತ್ತಾರೆ.

ಶ್ರೀಯಾ ಮೈಕ್ ಹಿಡಿದು ಹೇಳಿದಳು: "ಅಂಕಲ್, ಆಂಟಿ, ಇದು ಚಿಕಾಗೋದಲ್ಲಿ ಹುಟ್ಟಿದ್ದು. ವೇರ್‌ಹೌಸ್, ಅಂದ್ರೆ ಗೋದಾಮು, ಅಂತ ಒಂದು ಕ್ಲಬ್, ಅದಕ್ಕೇ ಹೌಸ್ ಅನ್ನೋ ಹೆಸರು. ಅಲ್ಲಿಗೆ ಬರ್ತಿದ್ದೋರು ಹೆಚ್ಚಾಗಿ ಬ್ಲ್ಯಾಕ್ ಹುಡುಗರು, ಗೇ ಹುಡುಗರು. ಎಷ್ಟೋ ಜನಕ್ಕೆ ಮನೇಲೇ ಜಾಗ ಇರ್ಲಿಲ್ಲ. ಯಾರಿಗೂ ಬೇಡದ ಡ್ರಮ್ ಮೆಷಿನ್‌ಗಳನ್ನ ಸೆಕೆಂಡ್ ಹ್ಯಾಂಡ್ ತಗೊಂಡು ಈ ಬೀಟ್ ಮಾಡಿದ್ರು. ಆಮೇಲೆ ಲಂಡನ್, ಜೊಹಾನ್ಸ್‌ಬರ್ಗ್, ಈಗ ನಮ್ಮ ಪಾಸಿರ್ ರಿಸ್!" ನಿಮ್ಮಪ್ಪನ ಕಡೆ ನೋಡಲು ನನಗೆ ಧೈರ್ಯ ಬರಲಿಲ್ಲ.

ಹಾಡು ಶುರುವಾಯಿತು. ನಮ್ಮವರು ಸಂಗೀತ ಕಚೇರಿಗೆ ಬಂದವರಂತೆ ಕೈಕಟ್ಟಿ ಕೂತರು. ಒಬ್ಬರಂತೂ ತೊಡೆಯ ಮೇಲೆ ತಾಳ ಹಾಕಿ ಲೆಕ್ಕ ನೋಡುತ್ತಿದ್ದರು. ಶ್ರೀಯಾಳ ಮುಖ ಸಣ್ಣಗಾಯಿತು. ಆಗ ಎದ್ದರು ನೋಡು, ನಮ್ಮ ಬಳಗದ ಮಹೇಶಕುಮಾರನ ತಾಯಿ, ಧಾರವಾಡದ ಈರವ್ವ ಆಂಟಿ! "ಕುಂತು ಕೇಳೋ ಹಾಡೇನ್ರಿ ಇದು? ಕುರ್ಚಿ ತಗೀರಿ ಮೊದ್ಲ!" ಎಂದವರೇ ತಮ್ಮ ಕುರ್ಚಿ ಮಡಚಿ ಗೋಡೆಗೆ ಒರಗಿಸಿ, ಸೆರಗು ಸಿಕ್ಕಿಸಿ ಕುಣಿದರು. ಒಂದೊಂದಾಗಿ ಕುರ್ಚಿಗಳೆಲ್ಲ ಹೋದವು, ಹಾಲ್ ತುಂಬ ಕುಣಿತ. ಪಕ್ಕದಲ್ಲಿ ಬ್ಯಾಡ್ಮಿಂಟನ್ ಆಡುತ್ತಿದ್ದ ಚೀನೀ, ಮಲಯ್ ಹುಡುಗಿಯರೂ ನುಗ್ಗಿದರು. ಮುಗಿದಾಗ ಎಲ್ಲರದೂ ಸಿಂಗಾಪುರದ ಧಾಟಿಯಲ್ಲಿ ಒಂದೇ ಕೂಗು: "ಒನ್ ಮೋರ್ ಲಾ!" ನಾನೂ ಕುಣಿದೆ, ಮಂಡಿ ಇನ್ನೂ ನೋಯುತ್ತಿದೆ. ಇಷ್ಟು ಹೆಮ್ಮೆ ನನಗೆ ಯಾವತ್ತೂ ಆಗಿರಲಿಲ್ಲ.

ಇಬ್ಬರೂ ನೂರು ಕಾಲ ಸುಖವಾಗಿರಿ. ಹೊತ್ತಿಗೆ ಸರಿಯಾಗಿ ಊಟ ಮಾಡಿ.

ನಿನ್ನ ಅಮ್ಮ,
ಪ್ರಭಾ

ತಾ.ಕ.: ಮನೆಗೆ ಬರುವಾಗ ನಿಮ್ಮಪ್ಪ ಸ್ಪೀಕರ್ ತಾವೇ ಹೊತ್ತು ತಂದರು. ಲಿಫ್ಟ್‌ನಲ್ಲಿ ಕೇಳಿದರು: "ಪ್ರಭಾ, ನಾನು ಆಚೆ ಹೋಗು ಅಂದ ದಿನ ವಿಭವ್ ಎಲ್ಲಿ ಮಲಗಿದ್ದ?" ನನಗೂ ಗೊತ್ತಿಲ್ಲ, ಮಗು. ಆ ರಾತ್ರಿ ಎಲ್ಲಿದ್ದೆ? ಉತ್ತರವನ್ನು ಅವರ ಹೆಸರಿಗೇ ಬರೆದು ಕಳಿಸು.