ಕೊರಳಿಗೆ ಕಟ್ಟಿದ ಹಲಗೆ

ಪ್ಲೇನ್‌ಫೀಲ್ಡ್,
೧೪ ಮಾರ್ಚ್ ೨೦೦೯

ಪ್ರೀತಿಯ ಮಗ ದಾನಪ್ಪಾ,

ಹೇಗಿದ್ದೀ? ಆಬರ್ನ್ ಹಿಲ್ಸ್‌ನ ಆ ಬಾಡಿಗೆ ಕೋಣೆಯ ಹೀಟರ್ ಸರಿಹೋಯಿತೇ? ನಿಮ್ಮ ಕಾರು ಕಂಪನಿಗಳಲ್ಲಿ ಈ ವಾರ ಮತ್ತೆ ಎಷ್ಟು ಜನರನ್ನು ಮನೆಗೆ ಕಳಿಸಿದರೋ ಎಂದು ನಿನ್ನ ಹೆಂಡತಿ ಜಯದೇವಿ ಟಿವಿ ಮುಂದಿನಿಂದ ಏಳುವುದಿಲ್ಲ. ಹೊತ್ತಿಗೆ ಸರಿಯಾಗಿ ಉಣ್ಣು. ಅವಳು ಕಟ್ಟಿಕೊಟ್ಟ ಶೇಂಗಾ ಚಟ್ನಿ ಮುಗಿದಿದ್ದರೆ ಹೇಳು. ನಾನು ಗಟ್ಟಿಯಾಗಿದ್ದೇನೆ, ಎಷ್ಟು ಗಟ್ಟಿ ಎಂಬುದು ಮುಂದೆ ಓದಿದರೆ ತಿಳಿಯುತ್ತದೆ.

ವರ್ಷಾಳ ವಿಷಯ. ಚಿಕಾಗೋದ ಕಾಲೇಜಿನಲ್ಲಿ ಓದುತ್ತಿರುವ ಆಕ್ಸಿಟಾನ್ ಭಾಷೆ ಬಿಟ್ಟು ಮಗಳು ನರ್ಸಿಂಗ್ ಸೇರಲಿ ಎಂದು ಅರ್ಜಿ ತುಂಬಿ ಕಳಿಸಿದ್ದೀ, ಅವಳ ಸಹಿಯೊಂದೇ ಬಾಕಿ. ಫೋನಿನಲ್ಲಿ ನೀನು "ಸತ್ತ ಭಾಷಾ ಕಲ್ತು ಯಾರ್ ಉದ್ಧಾರ ಆಗ್ಯಾರ?" ಎಂದು ಕೂಗಿದ್ದು ಅಡುಗೆಮನೆಗೂ ಕೇಳಿಸಿತು. "ಇಟ್ಸ್ ನಾಟ್ ಡೆಡ್, ಅಪ್ಪಾ" ಅಂದಳು ಅವಳು. ನಿನ್ನ ಭಯ ನನಗೆ ತಿಳಿಯದ್ದಲ್ಲ. ಆದರೆ ಹುಡುಗಿ ಪೆನ್ನು ಹಿಡಿದು ಸಹಿ ಹಾಕಲು ಕೂತೇಬಿಟ್ಟಿದ್ದಳು, ತಮ್ಮಾ. ಅರ್ಜಿಯನ್ನು ನಾನೇ ಕಿತ್ತುಕೊಂಡೆ. ನನ್ನ ಟ್ರಂಕಿನಲ್ಲಿದೆ, ಕೊಡುವುದಿಲ್ಲ.

ಆಮೇಲೆ ಅವಳು ಆ ಆಕ್ಸಿಟಾನ್ ಭಾಷೆಯ ಒಂದು ಪದ ಹಾಡಿ ತೋರಿಸಿದಳು. ಎಂಟು ನೂರು ವರ್ಷದ ಹಿಂದೆ ದಕ್ಷಿಣ ಫ್ರಾನ್ಸಿನಲ್ಲಿ ಟ್ರೂಬಡೂರ್ ಎಂಬ ಕವಿಗಳು, ಹೆಂಗಸರೂ ಸೇರಿ, ಆ ಮಾತಿನಲ್ಲಿ ಪದ ಕಟ್ಟುತ್ತಿದ್ದರಂತೆ. ದೊರೆಗಳನ್ನೇ ಬೈಯುವ ಪದಗಳೂ ಇವೆಯಂತೆ. ಕೊನೆಗೆ ಎರಡು ಮೂರು ಸಾಲು ಸೇರಿಸಿ, ಇದು ಇಂಥವರಿಗೆ ಮುಟ್ಟಲಿ ಎಂದು ಹೆಸರು ಹಿಡಿದು ಕಳಿಸುವುದು ಅವರ ಪದ್ಧತಿ. ನಮ್ಮ ಲಾವಣಿಯವರ ಮೊಂಡುತನವೇ ಅನ್ನಿಸಿತು. ಅರ್ಥ ಒಂದೂ ಆಗಲಿಲ್ಲ, ತಲೆ ಮಾತ್ರ ತೂಗಿದೆ.

ಎಷ್ಟೋ ಕಾಲದ ಮೇಲೆ, ಅಲ್ಲಿನ ಶಾಲೆಗಳಲ್ಲಿ ಫ್ರೆಂಚ್ ಬಿಟ್ಟು ಈ ಮನೆಮಾತು ಆಡಿದ ಮಗುವಿನ ಕೊರಳಿಗೆ ಕಟ್ಟಿಗೆಯ ತುಂಡು ತೂಗುಹಾಕುತ್ತಿದ್ದರಂತೆ. ಇನ್ನೊಂದು ಮಗು ಸಿಕ್ಕಿಬೀಳುವವರೆಗೂ ಅದು ಇಳಿಯುತ್ತಿರಲಿಲ್ಲ. ಇದನ್ನು ಕೇಳುತ್ತ ನನ್ನ ಕೈಯಲ್ಲಿದ್ದ ಚಹಾ ಆರಿಹೋಯಿತು. "ಅಜ್ಜಾ, ಆರ್ ಯು ಓಕೆ?" ಅಂದಳು. ನಾನು ಎದ್ದು ಈ ಕಾಗದ ಬರೆಯಲು ಕೂತೆ.

ವರ್ಷಾ ಅದನ್ನೇ ಓದುತ್ತಾಳೆ. ನಿನ್ನ ಕೆಲಸ ಹೋದರೆ ಹೋಗಲಿ, ರೊಟ್ಟಿ ಮಾರಿಯಾದರೂ ಬದುಕುತ್ತೇವೆ. ಸಿಟ್ಟಿನಲ್ಲಿ ನನ್ನನ್ನು ನಾಳೆಯೇ ಊರಿಗೆ ವಿಮಾನ ಹತ್ತಿಸಿದರೂ ನನ್ನ ಮಾತು ಇದೇ.

ಕಲ್ಮೇಶ್ವರ ನಿನ್ನನ್ನೂ ನಿನ್ನ ಕೆಲಸವನ್ನೂ ಕಾಯಲಿ.

ನಿನ್ನ ಅಪ್ಪ,
ನಿಂಗಪ್ಪ

ತಾ.ಕ.: ಜಯದೇವಿ ಲಕೋಟೆಗೆ ಕೈಚಾಚಿ ನಿಂತಿದ್ದಾಳೆ. ಪದದ ಕೊನೆಯ ಸಾಲು ಇದು, ನಿನಗೇ ಮುಟ್ಟಲಿ. ನಾನು ಹೆಡ್‌ಮಾಸ್ತರನಾಗಿದ್ದ ಇಂಗ್ಲಿಷ್ ಶಾಲೆಯಲ್ಲಿ, ಕನ್ನಡ ಆಡಿದವರ ಕೊರಳಿಗೆ ಹಲಗೆ ಕಟ್ಟುವ ನಿಯಮ ತಂದವನು ನಾನು. ಮೊದಲು ಕಟ್ಟಿದ್ದು ನಿನಗೆ, ಮೂರನೇ ಇಯತ್ತೆಯಲ್ಲಿ, "ಅಪ್ಪಾ, ನೀರಡಿಕಿ ಆಗೇದ" ಅಂದದ್ದಕ್ಕೆ. ತಪ್ಪು ನನ್ನದು. ಆ ಹಲಗೆಯನ್ನು ವರ್ಷಾಳ ಕೊರಳಿಗೆ ದಾಟಿಸಬೇಡ, ಮಗನೇ.